ಟಿ. ನಗರದ ‘ಟಿ’ ಯಾರು?

ಚೆನ್ನೈಗೆ ಹೋದವರು ಟಿ. ನಗರದಲ್ಲಿ ಒಂದು ಸುತ್ತು ಹಾಕದೆ ಬರೋದಿಲ್ಲ. ಆದರೆ ಆ ‘ಟಿ’ ಯಾರು ಅಂತ ಕೇಳಿದರೆ ನಾವೆಲ್ಲ ತಲೆ ಕೆರೆದುಕೊಳ್ತೀವಿ. ಅದು ಸಂಗೀತದ ತ್ಯಾಗರಾಜರಲ್ಲ, ಪಿಟ್ಟಿ ತ್ಯಾಗರಾಯ ಚೆಟ್ಟಿ. ಮದರಾಸಿನ ವ್ಯಾಪಾರಿ, ಆಮೇಲೆ ಅದೇ ಊರಿನ ನಗರಸಭೆಯ ಅಧ್ಯಕ್ಷ.

ಹುಟ್ಟಿದ್ದು 1852ರ ಏಪ್ರಿಲ್ 27ರಂದು, ತೆಲುಗು ಮಾತಾಡುವ ದೇವಾಂಗ ನೇಕಾರ ಮನೆತನದಲ್ಲಿ. ಪ್ರೆಸಿಡೆನ್ಸಿ ಕಾಲೇಜಿನಲ್ಲಿ ಡಿಗ್ರಿ ಮುಗಿಸಿದರೂ ಸರ್ಕಾರಿ ನೌಕರಿಯ ಹಿಂದೆ ಬೀಳದೆ ಬಟ್ಟೆ, ಚರ್ಮದ ವ್ಯಾಪಾರಕ್ಕೆ ಇಳಿದರು. ಸುಮಾರು ನೂರು ಮಗ್ಗಗಳ ನೇಯ್ಗೆ ಕಾರ್ಖಾನೆ ನಡೆಸಿದರು. ಫ್ಲೈ ಶಟಲ್ ಮಗ್ಗದ ಬಗ್ಗೆ ಅವರಿಗೆ ತುಂಬಾ ನಂಬಿಕೆ. ಹಳೇ ಮಗ್ಗದಲ್ಲಿ ನೇಕಾರ ಲಾಳಿಯನ್ನು ಒಂದು ಕೈಯಿಂದ ಎಸೆದು ಇನ್ನೊಂದು ಕೈಯಲ್ಲಿ ಹಿಡೀಬೇಕು, ಹಾಗಾಗಿ ಒಬ್ಬನೇ ನೇಯುವ ಬಟ್ಟೆಯ ಅಗಲ ಕೈ ಚಾಚುವಷ್ಟೇ. ಫ್ಲೈ ಶಟಲ್‌ನಲ್ಲಿ ಹಗ್ಗ ಜಗ್ಗಿದರೆ ಲಾಳಿ ತಾನೇ ಓಡುತ್ತೆ. ಮೆಕ್ಯಾನಿಕಲ್ ಬ್ರಾಂಚಿನ ನಮಗೆ ಇದೇನು ಮಹಾ ಅನ್ನಿಸಬಹುದು. ಆದರೆ ಮಿಲ್ ಬಟ್ಟೆಯ ಎದುರು ಕೈಮಗ್ಗದವರ ಹೊಟ್ಟೆಪಾಡಿನ ಪ್ರಶ್ನೆ ಅದು.

1882ರ ಹೊತ್ತಿಗೇ ನಗರಸಭೆಗೆ ಬಂದವರು ಸುಮಾರು ನಾಲ್ಕು ದಶಕ ಅಲ್ಲೇ ಇದ್ದರು. ಅಲ್ಲಿ ಅವರಿಗೂ ಡಾ. ಟಿ. ಎಂ. ನಾಯರ್‌ಗೂ ಆಗಿಬರ್ತಿರಲಿಲ್ಲ. ಸಿ. ನಟೇಶ ಮುದಲಿಯಾರ್ ಇಬ್ಬರನ್ನೂ ಒಂದು ಮಾಡಿದ ಮೇಲೆ 1916ರಲ್ಲಿ ಜಸ್ಟಿಸ್ ಪಕ್ಷ ಹುಟ್ಟಿತು. ಓದು, ನೌಕರಿ, ಅಧಿಕಾರ ಎಲ್ಲ ಒಂದೇ ಜಾತಿಯ ಕೈಯಲ್ಲಿದೆ, ಉಳಿದವರಿಗೂ ಪಾಲು ಬೇಕು ಅನ್ನೋದು ಅವರ ವಾದ. ಆಗ ನಮ್ಮ ಮಂಗಳೂರು, ಬಳ್ಳಾರಿ ಕೂಡ ಮದರಾಸು ಪ್ರಾಂತ್ಯದಲ್ಲೇ ಇದ್ದವು.

1920ರ ಚುನಾವಣೆಯಲ್ಲಿ ಪಕ್ಷ ಗೆದ್ದಿತು. ಗವರ್ನರ್ ವಿಲ್ಲಿಂಗ್ಡನ್ ಸರ್ಕಾರ ಮಾಡಲು ಕರೆದಾಗ ತ್ಯಾಗರಾಯರು ಒಪ್ಪಲಿಲ್ಲ. ಪಟ್ಟ ಸುಬ್ಬರಾಯಲು ರೆಡ್ಡಿಯಾರ್‌ಗೆ ಹೋಯಿತು, ಮರುವರ್ಷ ಪಾನಗಲ್ ರಾಜರಿಗೆ. ಇವರು ಪಕ್ಷ, ನಗರಸಭೆ ಅಂತ ಉಳಿದರು.

ಹಾಗಂತ ಇವರನ್ನು ಪೂರ್ತಿ ಹೊಗಳೋಕೂ ಆಗಲ್ಲ. 1921ರ ಬಕಿಂಗ್‌ಹ್ಯಾಮ್ ಕರ್ನಾಟಿಕ್ ಮಿಲ್ ಮುಷ್ಕರದ ಹೊತ್ತಲ್ಲಿ ಮುಷ್ಕರ ಮಾಡಿದವರಿಗೂ ಕೆಲಸಕ್ಕೆ ಹೋದ ಆದಿ ದ್ರಾವಿಡರಿಗೂ ಹೊಡೆದಾಟವಾಯಿತು. ಎಲ್ಲರಿಗೂ ಪಾಲು ಬೇಕು ಅಂದಿದ್ದ ಪಕ್ಷ ಆದಿ ದ್ರಾವಿಡರ ಜೊತೆ ನಿಲ್ಲಲಿಲ್ಲ. ಅವರ ನಾಯಕ ಎಂ. ಸಿ. ರಾಜಾ 1923ರಲ್ಲಿ ಪಕ್ಷವನ್ನೇ ಬಿಟ್ಟರು.

ನಮಗೆ ಇಷ್ಟವಾದ ಕೆಲಸ ಬೇರೆ. ಬಡತನದಿಂದ ಮಕ್ಕಳು ಶಾಲೆಗೆ ಬರ್ತಿರಲಿಲ್ಲ. 1920ರ ಸೆಪ್ಟೆಂಬರ್‌ನಲ್ಲಿ, ಅಧ್ಯಕ್ಷರಾಗಿದ್ದ ತ್ಯಾಗರಾಯರು ಥೌಸಂಡ್ ಲೈಟ್ಸ್ ಪ್ರದೇಶದ ನಗರಸಭೆ ಶಾಲೆಯಲ್ಲಿ ಮಕ್ಕಳಿಗೆ ತಿಂಡಿ ಕೊಡುವ ಯೋಜನೆ ಮಂಡಿಸಿ ಒಪ್ಪಿಗೆ ಪಡೆದರು. ಒಂದು ಮಗುವಿಗೆ ದಿನಕ್ಕೆ ಹೆಚ್ಚೆಂದರೆ ಒಂದಾಣೆ ಖರ್ಚು. ನಮ್ಮಲ್ಲಿ ಅಕ್ಷರ ದಾಸೋಹ ಬರೋಕೆ ಇನ್ನೂ ಎಂಬತ್ತು ವರ್ಷ ಇತ್ತು! ಮುಂದೆ ಇನ್ನೂ ನಾಲ್ಕು ಶಾಲೆಗಳಿಗೆ ತಿಂಡಿ ಹೋಯಿತು.

ಆದರೆ ಪ್ರಾಥಮಿಕ ಶಿಕ್ಷಣದ ನಿಧಿಯಿಂದ ಊಟಕ್ಕೆ ಖರ್ಚು ಮಾಡೋ ಹಾಗಿಲ್ಲ ಅಂತ ಸರ್ಕಾರ ತಕರಾರು ತೆಗೆದು, 1925ರಲ್ಲಿ ಅದು ನಿಂತಿತು. ತ್ಯಾಗರಾಯರು ತೀರಿಕೊಂಡಿದ್ದೂ ಅದೇ ವರ್ಷ, ಏಪ್ರಿಲ್ 28ಕ್ಕೆ. ಆಗ ಮಂತ್ರಿಮಂಡಲದಲ್ಲಿ ಇದ್ದದ್ದು ಅವರದೇ ಜಸ್ಟಿಸ್ ಪಕ್ಷ.