ಖಲೀಫರ ತೋಟ, ಖಾಝಿಯ ಕೊರಗು

ತಪ್ಪು ತೀರ್ಪು ಕೊಟ್ಟ ನ್ಯಾಯಾಧೀಶ ಪಶ್ಚಾತ್ತಾಪ ಪಡುವುದು ಸಹಜ. ಆದರೆ ಸರಿಯಾದ ತೀರ್ಪನ್ನೇ ಕೊಟ್ಟು, ಅದೂ ಒಬ್ಬ ಸಾಮಾನ್ಯನ ಪರವಾಗಿ ದೇಶವಾಳುವ ಖಲೀಫರ ವಿರುದ್ಧ ಕೊಟ್ಟು, ಕೊನೆಯವರೆಗೂ ಕೊರಗಿದ ನ್ಯಾಯಾಧೀಶರೊಬ್ಬರು ಇಸ್ಲಾಮೀ ಇತಿಹಾಸದಲ್ಲಿದ್ದಾರೆ. ಅವರೇ ಇಮಾಮ್ ಅಬೂ ಯೂಸುಫ್(ರ).

ಹಿಜರಿ 113ರಲ್ಲಿ (ಕ್ರಿ.ಶ. 731) ಇರಾಕಿನ ಕೂಫಾದಲ್ಲಿ ಜನಿಸಿದ ಅವರ ಹೆಸರು ಯಾಕೂಬ್ ಬಿನ್ ಇಬ್ರಾಹೀಮ್. ಮನೆಯಲ್ಲಿ ಕಡುಬಡತನ. ಓದು ಬಿಟ್ಟು ದುಡಿಯಬೇಕೆಂದು ಮನೆಯವರ ಒತ್ತಾಯ. ಶಿಷ್ಯ ಪಾಠಕ್ಕೆ ಬಾರದ್ದನ್ನು ಗಮನಿಸಿದ ಇಮಾಮ್ ಅಬೂ ಹನೀಫಾ(ರ) ತಮ್ಮ ಕೈಯಿಂದಲೇ ಖರ್ಚಿಗೆ ಹಣ ಕೊಟ್ಟು ಓದು ಮುಂದುವರಿಯುವಂತೆ ಮಾಡಿದರು. ಕೂಫಾದ ಖಾಝಿ ಇಬ್ನು ಅಬೀ ಲೈಲಾರ ಬಳಿಯೂ ಅವರು ಕಲಿತಿದ್ದರು. ಮುಂದೆ ಬಗ್ದಾದಿನಲ್ಲಿ ಮಹ್ದಿ, ಹಾದಿ ಮತ್ತು ಹಾರೂನ್ ರಶೀದ್ ಎಂಬ ಮೂವರು ಅಬ್ಬಾಸೀ ಖಲೀಫರ ಕಾಲದಲ್ಲಿ ಖಾಝಿಯಾಗಿದ್ದರು. ಮುಖ್ಯ ನ್ಯಾಯಾಧೀಶ ಎಂಬರ್ಥದ 'ಖಾಝಿಲ್ ಖುಝಾತ್' ಬಿರುದು ಮೊದಲು ಸಂದದ್ದು ಅವರಿಗೇ.

ಖಲೀಫಾ ಹಾದಿಯವರ ಕಾಲದಲ್ಲಿ ಒಂದು ತೋಟದ ವಿಚಾರವಾಗಿ ಒಬ್ಬನಿಗೂ ಖಲೀಫರಿಗೂ ವ್ಯಾಜ್ಯ ಬಂತು. ಸಾಕ್ಷ್ಯವೆಲ್ಲ ಮೇಲ್ನೋಟಕ್ಕೆ ಖಲೀಫರ ಪರವಾಗಿತ್ತು. ನಿಜ ಬೇರೆಯೇ ಎಂದು ಅಬೂ ಯೂಸುಫರಿಗೆ ಮನವರಿಕೆಯಾಗಿತ್ತು. ಪ್ರಕರಣ ಏನಾಯಿತೆಂದು ಖಲೀಫರು ವಿಚಾರಿಸಿದಾಗ, ತಮ್ಮ ಸಾಕ್ಷಿಗಳು ನಿಜ ನುಡಿದಿದ್ದಾರೆಂದು ತಾವು ಪ್ರಮಾಣ ಮಾಡಬೇಕೆಂದು ಪ್ರತಿವಾದಿ ಕೇಳುತ್ತಿದ್ದಾನೆ ಎಂದರು. ಅದಕ್ಕೆ ಆಧಾರವುಂಟೇ ಎಂದು ಕೇಳಿದ್ದಕ್ಕೆ ಇಬ್ನು ಅಬೀ ಲೈಲಾರ ಅಭಿಪ್ರಾಯವನ್ನು ಮುಂದಿಟ್ಟರು. ಖಲೀಫರು ಪ್ರಮಾಣದ ಗೊಡವೆಗೆ ಹೋಗದೆ ತೋಟವನ್ನೇ ಬಿಟ್ಟುಕೊಟ್ಟರು.

ಕೊರಗು ಹುಟ್ಟಿದ್ದು ಎರಡನೆಯ ಪ್ರಕರಣದಲ್ಲಿ. ಖಲೀಫಾ ಹಾರೂನರ ವಶದಲ್ಲಿರುವ ತೋಟ ತನ್ನದೆಂದು ಒಬ್ಬ ಸಾಮಾನ್ಯ ಪ್ರಜೆ ದೂರಿತ್ತನು. ಆತ ಕ್ರೈಸ್ತನಾಗಿದ್ದನೆಂದು ಕೆಲವು ವರದಿಗಳು ಹೇಳುತ್ತವೆ. ಖಾಝಿಯವರು ಅವನನ್ನು ಖಲೀಫರ ಎದುರಿಗೇ ಕರೆಸಿ ವಾದ ಕೇಳಿದರು. ತೋಟ ತಮ್ಮದೆಂದರು ಖಲೀಫರು. ಹಾಗಾದರೆ ಪ್ರಮಾಣ ಮಾಡಲಿ ಎಂದನು ಆತ. ಪ್ರಮಾಣ ಮಾಡದಿದ್ದರೆ ತೀರ್ಪು ವಿರುದ್ಧವಾಗುವುದೆಂದು ಮೊದಲೇ ಎಚ್ಚರಿಸಿ, ಖಾಝಿಯವರು ಮೂರು ಬಾರಿ ಅವಕಾಶ ಕೊಟ್ಟರು. ಮೂರು ಬಾರಿಯೂ ಖಲೀಫರು ಒಪ್ಪಲಿಲ್ಲ. ತೋಟ ಆ ಸಾಮಾನ್ಯನ ಪಾಲಾಯಿತು.

ಇನ್ನು ಕೊರಗುವುದಕ್ಕೇನಿತ್ತು? ವಿಚಾರಣೆಯ ವೇಳೆ ಖಲೀಫರು ಆಸನದಲ್ಲಿ ಕುಳಿತಿದ್ದರು. ಆ ಬಡವನನ್ನು ಅವರಿಗೆ ಸರಿಸಮಾನವಾಗಿ ಕೂರಿಸಲು ಖಾಝಿಯವರಿಂದ ಆಗಲಿಲ್ಲ. ವಾದಿ-ಪ್ರತಿವಾದಿಗಳನ್ನು ಆಸನದಲ್ಲೂ ನೋಟದಲ್ಲೂ ಸಮಾನವಾಗಿ ಕಾಣಬೇಕೆಂಬುದು ಹಝ್ರತ್ ಉಮರ್(ರ) ತಮ್ಮ ಖಾಝಿಗೆ ಬರೆದರೆಂದು ಪ್ರಸಿದ್ಧವಾದ ಪತ್ರದ ಸೂಚನೆ. ಬಲಶಾಲಿಗೆ ಪಕ್ಷಪಾತದ ಆಸೆ ಹುಟ್ಟಬಾರದು, ದುರ್ಬಲನಿಗೆ ನ್ಯಾಯದ ಬಗ್ಗೆ ನಿರಾಶೆಯಾಗಬಾರದು ಎಂಬುದೇ ಅದರ ಉದ್ದೇಶ. ತೀರ್ಪು ಸರಿಯಾಗಿದ್ದರೂ ವಿಚಾರಣೆಯಲ್ಲಿ ಆದ ಆ ಒಂದು ಲೋಪಕ್ಕಾಗಿ ಅಲ್ಲಾಹನೆದುರು ಏನು ಉತ್ತರ ಕೊಡಲಿ ಎಂದು ಅವರು ಹೆದರಿದರು.

ಹಾರೂನರ ಕೋರಿಕೆಯಂತೆ ಅವರು ಬರೆದ 'ಕಿತಾಬುಲ್ ಖರಾಜ್' ಭೂಕಂದಾಯದ ಗ್ರಂಥ. ಸ್ಥಾಪಿತವಾದ ಹಕ್ಕಿಲ್ಲದೆ ಯಾರ ಕೈಯಿಂದಲೂ ಏನನ್ನೂ ಕಿತ್ತುಕೊಳ್ಳುವ ಅಧಿಕಾರ ದೊರೆಗಿಲ್ಲವೆಂದು ಅದರಲ್ಲಿ ಸ್ಪಷ್ಟಪಡಿಸಿದರು. ಕಂದಾಯಕ್ಕಾಗಿ ರೈತರನ್ನು ಹೊಡೆಯುವುದನ್ನೂ ಬಿಸಿಲಲ್ಲಿ ನಿಲ್ಲಿಸುವುದನ್ನೂ ಖಂಡಿಸಿದರು. ಅಧಿಕಾರಿಗಳಿಂದ ಅನ್ಯಾಯವಾದವರ ಮೊರೆಯನ್ನು ತಿಂಗಳಿಗೆ ಅಥವಾ ಎರಡು ತಿಂಗಳಿಗೊಮ್ಮೆ ಖಲೀಫರು ಸ್ವತಃ ಕುಳಿತು ಆಲಿಸಬೇಕೆಂದು ಸಲಹೆಯಿತ್ತರು. ವರ್ಷಕ್ಕೆ ಒಂದು ದಿನ ಹಾಗೆ ಕುಳಿತರೂ ಆ ಸುದ್ದಿ ಕೇಳಿಯೇ ದೂರದ ಅಧಿಕಾರಿಗಳು ಅನ್ಯಾಯಕ್ಕೆ ಅಂಜುವರೆಂಬುದು ಅವರ ಅನುಭವದ ಮಾತು. ಮೇಲೆ ಕೇಳುವವರಿದ್ದಾರೆಂದು ಗೊತ್ತಿದ್ದರೆ ಕೆಳಗಿನವರ ಕೈ ತಾನೇ ಬಿಗಿಯಾಗುತ್ತದೆ.

ಹಿಜರಿ 182ರಲ್ಲಿ (ಕ್ರಿ.ಶ. 798) ಅವರು ಬಗ್ದಾದಿನಲ್ಲಿ ಇಹಲೋಕ ತ್ಯಜಿಸಿದರು.

ಸಹೋದರರೇ, ಸಹೋದರಿಯರೇ, ನಮ್ಮ ಮನೆಗಳಲ್ಲೂ ಜಮಾಅತ್‌ಗಳಲ್ಲೂ ಗದ್ದೆ-ತೋಟದ ಪಾಲಿನ ತಕರಾರು ಬರುತ್ತದೆ. ಹಿರಿಯಣ್ಣ ಪಂಚರ ಪಕ್ಕದ ಕುರ್ಚಿಯಲ್ಲಿ ಕುಳಿತಿರುತ್ತಾನೆ. ವಿಧವೆ ತಂಗಿ ಬಾಗಿಲ ಮರೆಯಲ್ಲಿ ನಿಂತಿರುತ್ತಾಳೆ. ಪಾಲು ಸರಿಯಾಗಿಯೇ ಹಂಚಿದೆವೆಂದು ನಾವು ಸಮಾಧಾನಪಟ್ಟುಕೊಳ್ಳುತ್ತೇವೆ. ಅವಳ ಮಾತನ್ನು ಕೂರಿಸಿ ಕೇಳಿದೆವೇ? ಒಂದು ಆಸನಕ್ಕಾಗಿ ಕೊರಗಿದ ಆ ಇಮಾಮರ ಜೀವನ ನಮ್ಮನ್ನು ಕೇಳುವ ಪ್ರಶ್ನೆ ಇದೇ.