ಸುರುಳಿಗಳನ್ನು ಅರಸಿ ಹೊರಟ ಎ. ಕೆ. ಚೆಟ್ಟಿಯಾರ್

ವಿಕ್ರೋಳಿಯಲ್ಲಿ ನೆಲೆಸಿದ ನಾವು ರಾಜ್ಯೋತ್ಸವದಂದು ನಾಡಿನ ಹಿರಿಯರನ್ನು ನೆನೆಯುವುದು ವಾಡಿಕೆ. ಈ ಸಲ ನೆರೆನಾಡಿನ ಮಹನೀಯರೊಬ್ಬರನ್ನು ನೆನೆಯೋಣ. ಚದುರಿದುದನ್ನು ಕೂಡಿಸುವ ಕೆಲಸ ಎಷ್ಟು ಹಿರಿದೆಂಬುದಕ್ಕೆ ಅವರ ಬಾಳೇ ಸಾಕ್ಷಿ.

ಅಣ್ಣಾಮಲೈ ಕರುಪ್ಪನ್ ಚೆಟ್ಟಿಯಾರರು 1911ರಲ್ಲಿ ತಮಿಳುನಾಡಿನ ಕೋಟ್ಟೈಯೂರಿನಲ್ಲಿ ಜನಿಸಿದರು. ಎಳೆಯ ಪ್ರಾಯದಲ್ಲೇ ರಂಗೂನಿಗೆ ಹೋಗಿ ತಮಿಳು ಪತ್ರಿಕೆಯೊಂದರ ಸಂಪಾದಕರಾದರು. ಬಳಿಕ ಟೋಕಿಯೋದಲ್ಲೂ ನ್ಯೂಯಾರ್ಕಿನಲ್ಲೂ ಛಾಯಾಗ್ರಹಣ ಕಲಿತರು. 1937ರ ಅಕ್ಟೋಬರ್ 2ರಂದು ನ್ಯೂಯಾರ್ಕಿನಿಂದ ಡಬ್ಲಿನ್ನಿಗೆ ಸಾಗುವ ಹಡಗಿನಲ್ಲಿ, ಗಾಂಧೀಜಿಯವರ ಬಾಳನ್ನು ಸಾಕ್ಷ್ಯಚಿತ್ರವಾಗಿ ತೆಗೆಯಬೇಕೆಂಬ ಹಂಬಲ ಅವರಲ್ಲಿ ಮೂಡಿತು. ಆಗ ಅವರಿಗೆ ಇಪ್ಪತ್ತಾರೂ ತುಂಬಿರಲಿಲ್ಲ.

ಕಳೆದ ಕಾಲವನ್ನು ಹೊಸದಾಗಿ ಚಿತ್ರಿಸಲಾಗದು. ಯಾರೋ ಎಂದೋ ತೆಗೆದ ಸುರುಳಿಗಳನ್ನೇ ಹುಡುಕಬೇಕು. ಅದೂ ಸುಲಭವಾಗಿರಲಿಲ್ಲ. 1930ರ ದಾಂಡಿ ಯಾತ್ರೆಯನ್ನು ಮುಂಬಯಿಯ ಚಿತ್ರ ಕಂಪನಿಗಳು ಸೆರೆಹಿಡಿದಿದ್ದರೂ ಬ್ರಿಟಿಷ್ ಸರಕಾರ ಅಂಥ ಚಿತ್ರಗಳನ್ನು ನಿಷೇಧಿಸಿತ್ತು. ಅಂದಿನ ನೈಟ್ರೇಟ್ ಫಿಲ್ಮಾದರೋ ಬೇಗ ಹೊತ್ತಿಕೊಳ್ಳುವಂಥದು. ಕಾಲ ಕಳೆದಂತೆ ತಾನೇ ಕೆಡುವಂಥದು. ಚೆಟ್ಟಿಯಾರರು ಎದೆಗುಂದಲಿಲ್ಲ. ಯುರೋಪು, ಅಮೆರಿಕ, ದಕ್ಷಿಣ ಆಫ್ರಿಕಗಳಲ್ಲೆಲ್ಲ ಸುತ್ತಿ, ಸುಮಾರು ಒಂದು ಲಕ್ಷ ಮೈಲಿ ಕ್ರಮಿಸಿದರು. ಹಲವು ದಶಕಗಳಲ್ಲಿ ನೂರರಷ್ಟು ಛಾಯಾಗ್ರಾಹಕರು ತೆಗೆದಿದ್ದ 50,000 ಅಡಿ ಫಿಲ್ಮನ್ನು ಕೂಡಿಹಾಕಿದರು. ಅದರಿಂದ ಆರಿಸಿ ಜೋಡಿಸಿದ್ದು 12,000 ಅಡಿ; ಎರಡು ಗಂಟೆಗೂ ಮಿಕ್ಕ ಚಿತ್ರ.

1940ರ ಆಗಸ್ಟಿನಲ್ಲಿ ತಮಿಳು ಚಿತ್ರ ಮದರಾಸಿನಲ್ಲಿ ತೆರೆಕಂಡಿತು. ಮುಂದೆ ತೆಲುಗು, ಹಿಂದಿಗಳಲ್ಲೂ, 1953ರಲ್ಲಿ ಅಮೆರಿಕದಲ್ಲಿ ಇಂಗ್ಲಿಷಿನಲ್ಲೂ ಸಿದ್ಧವಾಯಿತು. ಇತ್ತ ಚೆಟ್ಟಿಯಾರರು 1943ರಿಂದ ‘ಕುಮರಿ ಮಲರ್’ ಎಂಬ ಪತ್ರಿಕೆ ನಡೆಸುತ್ತ, ಮರೆತುಹೋದ ಹಳೆಯ ಬರಹಗಳನ್ನು ಮತ್ತೆ ಅಚ್ಚುಹಾಕಿದರು. ತಮ್ಮ ಹೆಸರನ್ನು ಮುಂದೊತ್ತುವ ಸ್ವಭಾವ ಅವರದಲ್ಲ. 1983ರಲ್ಲಿ ಅವರು ತೀರಿಕೊಂಡರು.

ವಿಧಿಯ ವಿಡಂಬನೆ ನೋಡಿ! ಪರರ ಸುರುಳಿಗಳನ್ನು ಲೋಕವೆಲ್ಲ ತಿರುಗಿ ಉಳಿಸಿದವರ ಸ್ವಂತ ಚಿತ್ರವೇ ಕಣ್ಮರೆಯಾಯಿತು. ಇತಿಹಾಸಕಾರ ಎ. ಆರ್. ವೆಂಕಟಾಚಲಪತಿಯವರ ಹುಡುಕಾಟದ ಫಲವಾಗಿ ಅಮೆರಿಕದ ವಿಶ್ವವಿದ್ಯಾಲಯವೊಂದರಲ್ಲಿ ಅದರ ಇಂಗ್ಲಿಷ್ ಪ್ರತಿ ದೊರೆತದ್ದು 2006ರ ಸುಮಾರಿಗೆ.

ನಮ್ಮ ವಿಕ್ರೋಳಿಯಲ್ಲೇ ಗೋದ್ರೇಜ್ ಸಂಸ್ಥೆ ತನ್ನ ಇತಿಹಾಸಕ್ಕೊಂದು ದಾಖಲಾಗಾರ ಕಟ್ಟಿಕೊಂಡಿದೆ. ಊರು ಬಿಟ್ಟು ಬಂದ ನಮ್ಮ ಹಿರಿಯರ ಇತಿಹಾಸವನ್ನು ಕಾಯುವವರು ಯಾರು? ಅವರ ಭಾವಚಿತ್ರಗಳು, ಹಳೆಯ ನಾಟಕಗಳ, ಮದುವೆಗಳ ಫಿಲ್ಮುಗಳು ಟ್ರಂಕುಗಳ ತಳದಲ್ಲಿವೆ. ಹೊರತೆಗೆದು ಹೆಸರು, ಊರು, ಇಸವಿ ಬರೆದಿಡೋಣ. ಒಂದೇ ಪ್ರತಿಯನ್ನು ನಂಬದೆ ಎರಡು ಕಡೆ ಇರಿಸೋಣ. ಚೆಟ್ಟಿಯಾರರಿಗೆ ನಾವು ಸಲ್ಲಿಸಬಹುದಾದ ಗೌರವ ಇದೇ.