ಮಕ್ಕಳ ಎತ್ತರಕ್ಕೆ ಬಾಗಿದ ಕ್ಯಾಮೆರಾ



ಸಿನಿಮಾ ನೋಡಿದ ಮೇಲೆ ನಟರ ಹೆಸರು ನೆನಪಿರುತ್ತದೆ, ಕೆಲವೊಮ್ಮೆ ನಿರ್ದೇಶಕರದೂ ಇರುತ್ತದೆ. ಕ್ಯಾಮೆರಾ ಹಿಡಿದವರನ್ನು ನಾವು ಕೇಳುವುದೇ ಇಲ್ಲ. ಅಂಥ ಒಬ್ಬರು ಫ್ರಾನ್ಸಿನ ಎಡ್ಮಂಡ್ ಸೆಶಾನ್.

ಅವರು ಹುಟ್ಟಿದ್ದು 1919ರಲ್ಲಿ, ದಕ್ಷಿಣ ಫ್ರಾನ್ಸಿನ ಮೋಂಪೆಲಿಯೆ ಪಟ್ಟಣದಲ್ಲಿ. ಆ ಊರಿಗೆ ಅಷ್ಟೇನೂ ದೂರವಲ್ಲದ ಕಮಾರ್ಗ್ ಎಂಬ ಜೌಗು ನಾಡಿನಲ್ಲಿ ಬಿಳಿ ಕುದುರೆಗಳು ಕಾಡಿನಂತೆ ಬೆಳೆಯುತ್ತವೆ. ನಿರ್ದೇಶಕ ಆಲ್ಬರ್ ಲಾಮೊರಿಸ್ ಜೊತೆ ಸೇರಿ ಸೆಶಾನ್ ಅಲ್ಲೇ ಒಂದು ಬಿಳಿ ಕುದುರೆ ಮತ್ತು ಬೆಸ್ತರ ಹುಡುಗನ ಸ್ನೇಹವನ್ನು ಕಪ್ಪುಬಿಳುಪಿನಲ್ಲಿ ಚಿತ್ರಿಸಿದರು. 'ಬಿಳಿ ಕೇಸರ' ಎಂಬ ಅರ್ಥದ ಹೆಸರಿನ ಆ ಕಿರುಚಿತ್ರಕ್ಕೆ 1953ರಲ್ಲಿ ಕಾನ್ ಚಿತ್ರೋತ್ಸವದ ಬಹುಮಾನ ಬಂತು.

ಇಬ್ಬರೂ ಮತ್ತೆ ಸೇರಿ ಮಾಡಿದ್ದು 1956ರ 'ಕೆಂಪು ಬಲೂನು'. ಮೂವತ್ತನಾಲ್ಕು ನಿಮಿಷದ ಚಿತ್ರ. ಮಾತು ತೀರಾ ಕಡಿಮೆ. ಪ್ಯಾರಿಸ್ಸಿನ ಮೆನಿಲ್ಮೊಂತಾಂ ಎಂಬ ಬಡವರ ಬಡಾವಣೆಯ ಬೂದುಬಣ್ಣದ ಗೋಡೆ, ಮೆಟ್ಟಿಲು, ಮಂಕು ಆಕಾಶ. ನಡುವೆ ಒಂದೇ ಒಂದು ಕಡುಗೆಂಪು ಬಲೂನು. ಎಲ್ಲವೂ ಮಂಕಾಗಿರುವುದರಿಂದಲೇ ಆ ಕೆಂಪು ಜೀವದಂತೆ ಕಾಣುತ್ತದೆ. ಇದು ಸೆಶಾನ್ ಅವರ ಕೈಚಳಕ.

ಬಲೂನು ಪಾಸ್ಕಲ್ ಎಂಬ ಪುಟ್ಟ ಹುಡುಗನನ್ನು ನಾಯಿಮರಿಯಂತೆ ಹಿಂಬಾಲಿಸುತ್ತದೆ. ಬಸ್ಸಿನಲ್ಲಿ ಅದಕ್ಕೆ ಜಾಗವಿಲ್ಲ, ಶಾಲೆಯಲ್ಲಿ ಇಲ್ಲ. ಭಾನುವಾರ ಚರ್ಚಿನೊಳಗೂ ಅದು ಬಂದಾಗ ಅಲ್ಲಿನ ಕಾವಲುಗಾರ ಹುಡುಗನನ್ನೇ ಹೊರಗೆ ಹಾಕುತ್ತಾನೆ. ಕೊನೆಗೆ ಪುಂಡ ಹುಡುಗರು ಬಲೂನನ್ನು ಕೊಲ್ಲುತ್ತಾರೆ. ಆಗ ಊರಿನ ಬಲೂನುಗಳೆಲ್ಲ ಹಾರಿ ಬಂದು ಅಳುತ್ತಿದ್ದ ಪಾಸ್ಕಲ್‌ನನ್ನು ಆಕಾಶಕ್ಕೆ ಎತ್ತಿಕೊಳ್ಳುತ್ತವೆ. ಶುಭ ಶುಕ್ರವಾರವನ್ನೂ ಪಾಸ್ಕವನ್ನೂ ಆಚರಿಸುವ ನಮಗೆ ಇದರ ಅರ್ಥ ಬಿಡಿಸಿ ಹೇಳಬೇಕಿಲ್ಲ.

ಅದೇ ವರ್ಷ ಕಾನ್‌ನಲ್ಲಿ ಕಿರುಚಿತ್ರದ ಮೊದಲ ಬಹುಮಾನ ಈ ಚಿತ್ರಕ್ಕೆ ಸಿಕ್ಕಿತು. ದೊಡ್ಡ ಚಿತ್ರದ ಮೊದಲ ಬಹುಮಾನ ಪಡೆದದ್ದು ಕುಸ್ತೊ ಮತ್ತು ಲೂಯಿ ಮಾಲ್ ಅವರ ಸಮುದ್ರದಾಳದ ಸಾಕ್ಷ್ಯಚಿತ್ರ. ಅದರಲ್ಲೂ ಸೆಶಾನ್ ಅವರ ಕ್ಯಾಮೆರಾ ಇತ್ತು!

1959ರಲ್ಲಿ ಅವರೇ ನಿರ್ದೇಶಿಸಿದ 'ಚಿನ್ನದ ಮೀನು' ಆಸ್ಕರ್ ಗೆದ್ದಿತು. ಹುಡುಗ ಶಾಲೆಗೆ ಹೋದಾಗ ಅವನ ಮೀನು ನೀರಿನಿಂದ ಹೊರಗೆ ಜಿಗಿಯುತ್ತದೆ. ಕಿಟಕಿಯಿಂದ ನುಗ್ಗಿದ ಕರಿ ಬೆಕ್ಕು ಅದನ್ನು ಬಾಯಲ್ಲಿ ಎತ್ತಿ, ತಿನ್ನದೆ, ಮತ್ತೆ ನೀರಿಗೆ ಬಿಡುತ್ತದೆ. 1975ರಲ್ಲಿ ಅವರ ಇನ್ನೊಂದು ಕಿರುಚಿತ್ರಕ್ಕೂ ಆಸ್ಕರ್ ಬಂತು. ದೊಡ್ಡ ಮನರಂಜನಾ ಚಿತ್ರಗಳಿಗೂ ದುಡಿದ ಸೆಶಾನ್ 2002ರಲ್ಲಿ ತೀರಿಕೊಂಡರು.

ಅವರ ಬದುಕನ್ನು ಓದುವಾಗ ನಮ್ಮನ್ನು ಕಾಡಿದ್ದು ಆ ಚರ್ಚಿನ ದೃಶ್ಯ. ಬಲಿಪೂಜೆಯಲ್ಲಿ ಮಗು ಸದ್ದು ಮಾಡಿದರೆ ತಾಯಿಗೆ ಬಾಗಿಲು ತೋರಿಸುವವರು ಸ್ವಯಂಸೇವಕರಾದ ನಾವೇ. ಮಕ್ಕಳನ್ನು ತಡೆಯಬೇಡಿ ಎಂದ ಪ್ರಭುವಿನ ಮನೆಯಲ್ಲಿ ನಾವು ಆ ಕಾವಲುಗಾರರಾಗಿದ್ದೇವೆಯೇ?

ಮುಂದಿನ ರಜೆಯ ಧರ್ಮೋಪದೇಶ ಶಿಬಿರದಲ್ಲಿ 'ಕೆಂಪು ಬಲೂನು' ತೋರಿಸಬೇಕೆಂದಿದ್ದೇವೆ. ಮನೆಯಲ್ಲಿ ಕನ್ನಡ, ತಮಿಳು, ಮಲಯಾಳಂ ಯಾವುದೇ ಇರಲಿ, ನಮ್ಮ ಮಕ್ಕಳೆಲ್ಲ ಒಟ್ಟಿಗೆ ಕೂತು ನೋಡಬಹುದು. ಅನುವಾದಕರು ಬೇಕಿಲ್ಲ. ದೊಡ್ಡವರೂ ಬನ್ನಿ. ಬಾಗಿಲಲ್ಲಿ ಯಾರೂ ತಡೆಯುವುದಿಲ್ಲ.